ಭೀಮನಬೀಡಿನ ಎಮ್ಮೆಯ ಅಸಲು

"ಹೆಂಡತಿಯ ತವರಿನಿಂದ ಒಂದು ಹರಳು ಉಪ್ಪನ್ನೂ ನಾನು ಪುಕ್ಕಟೆ ತೆಗೆದುಕೊಳ್ಳುವವನಲ್ಲ!"

ಮದುವೆಯಾದ ಮೂರನೆಯ ದಿನ, ಭೀಮನಬೀಡಿನ ಅತ್ತೆಯ ಮನೆಯ ಜಗಲಿಯಲ್ಲಿ ಎಲೆಯಡಿಕೆ ಮೆಲ್ಲುತ್ತ ಕುಳಿತಿದ್ದ ನೆಂಟರ ನಡುವೆ ಎದ್ದು ನಿಂತು ಮಂಟೇಸ್ವಾಮಿ ಮೇಷ್ಟ್ರು ಹೀಗೆ ಪ್ರತಿಜ್ಞೆ ಮಾಡಿದರು. ಅತ್ತೆ ಬಡಿಸಿದ ಬೀಗರ ಊಟ ಆಗಿನ್ನೂ ಅವರ ಹೊಟ್ಟೆಯಲ್ಲೇ ಇತ್ತು. ಅದನ್ನು ಯಾರೂ ನೆನಪಿಸಲಿಲ್ಲ. ಹೊಸ ಅಳಿಯ, ಅದರಲ್ಲೂ ಬಿ.ಎಸ್‌ಸಿ. ಓದಿದವರು, ಚಾಮರಾಜನಗರದ ಹೈಸ್ಕೂಲಿನಲ್ಲಿ ವಿಜ್ಞಾನದ ಮೇಷ್ಟ್ರು. ಮಾತಾಡಿಕೊಳ್ಳಲಿ ಎಂದು ಬಿಟ್ಟರು.

ಪ್ರತಿಜ್ಞೆಗೆ ಕಾರಣವಿತ್ತು. ಮೈಸೂರಿನಲ್ಲಿ ಓದುವಾಗ ಮೇಷ್ಟ್ರು ಉಚಿತ ವಿದ್ಯಾರ್ಥಿನಿಲಯದಲ್ಲಿ ಉಂಡು, ಧರ್ಮಿಷ್ಠರೊಬ್ಬರು ಕೊಟ್ಟ ಶರಟು ತೊಟ್ಟು ಬೆಳೆದವರು. ಆ ಧರ್ಮಿಷ್ಠರು ಎದುರಿಗೆ ಸಿಕ್ಕಿದಾಗಲೆಲ್ಲ, ನಾಲ್ಕು ಜನರ ಮುಂದೆ, "ಏನಪ್ಪ, ಶರಟು ಇನ್ನೂ ಗಟ್ಟಿಯಾಗಿದೆಯಾ?" ಎಂದು ಕೇಳುತ್ತಿದ್ದರು. ಶರಟು ಎರಡು ವರ್ಷಕ್ಕೇ ಹರಿಯಿತು. ಆ ಪ್ರಶ್ನೆ ಮಾತ್ರ ಇಂದಿಗೂ ಗಟ್ಟಿಯಾಗಿತ್ತು.

ಹಾಗಾಗಿ ಅತ್ತೆ ದೊಡ್ಡಮಾದಮ್ಮ ಮಗಳಿಗೆಂದು ಒಂದು ಸಿಹಿಗುಂಬಳಕಾಯಿ ಕಳಿಸಿದರೆ, ಮೇಷ್ಟ್ರು ಅದನ್ನು ಬೀದಿ ತುದಿಯ ಅಂಗಡಿಯ ತಕ್ಕಡಿಗೆ ಹಾಕಿಸಿ, ಅಂದಿನ ದರ ವಿಚಾರಿಸಿ, ಕಾಯಿ ಹೊತ್ತು ತಂದ ಬಾಮೈದ ಮೂಗಯ್ಯನ ಜೇಬಿಗೆ ಅಷ್ಟೂ ಚಿಲ್ಲರೆಯನ್ನು ತುರುಕುತ್ತಿದ್ದರು. ಮೂಗಯ್ಯ ಆ ಚಿಲ್ಲರೆಯಲ್ಲಿ ಬಸ್‌ಸ್ಟ್ಯಾಂಡಿನ ಬಳಿ ಬೋಂಡ ತಿಂದು, ಊರಿಗೆ ಹೋಗಿ, "ನಮ್ಮ ಭಾವ ಬೋಂಡ ಕೊಡಿಸುದ್ರು" ಎಂದು ಹೇಳುತ್ತಿದ್ದ. ಎರಡು ಕಡೆಯವರಿಗೂ ಮಾನ ಉಳಿಯುತ್ತಿತ್ತು.

ಆಗಷ್ಟೇ ಆಣೆ ಹೋಗಿ ನಯಾಪೈಸೆ ಬಂದಿತ್ತು. ರೂಪಾಯಿಗೆ ಸರಿಯಾಗಿ ನೂರು ಪೈಸೆ! ಸರ್ಕಾರ ತಮಗೊಬ್ಬರಿಗಾಗಿಯೇ ಹಬ್ಬ ಮಾಡಿದಂತಾಯಿತು ಮೇಷ್ಟ್ರಿಗೆ. ಶೇಕಡಾ ಎಂಬ ಮಾತು ಅವರ ಬಾಯಿಂದ ಇಳಿಯಲೇ ಇಲ್ಲ.

"ಮಲ್ಲಿ, ಸಾರಿಗೆ ಉಪ್ಪು ಶೇಕಡಾ ಹತ್ತರಷ್ಟು ಹೆಚ್ಚಾಗಿದೆ."

"ಸೇಕಡಾ ಗೀಕಡಾ ನಂಗೆ ಗೊತ್ತಿಲ್ಲ. ಉಪ್ಪಾದ್ರೆ ಒಂದು ಲೋಟ ನೀರು ಹುಯ್ಕೊಳಿ" ಎನ್ನುತ್ತಿದ್ದಳು ಹೆಂಡತಿ ಮಲ್ಲಿಗಮ್ಮ.

ಇಂಥ ಮನೆಗೆ ಎಮ್ಮೆ ಬಂದದ್ದು ಲ್ಯಾಕ್ಟೋಮೀಟರಿನ ದೆಸೆಯಿಂದ. ಹಾಲಿಗೆ ಎಷ್ಟು ನೀರು ಬೆರೆತಿದೆಯೆಂದು ತೋರಿಸುವ ಆ ಗಾಜಿನ ಕೊಳವೆಯನ್ನು ಮೇಷ್ಟ್ರು ಸ್ಕೂಲಿನ ಪ್ರಯೋಗಶಾಲೆಯಿಂದ ತಂದು, ಹಾಲು ಮಾರುವ ಚಿಕ್ಕನಿಂಗಮ್ಮನ ಚೊಂಬಿನಲ್ಲಿ ಅವಳ ಕಣ್ಣೆದುರೇ ಮುಳುಗಿಸಿದರು.

"ಇದ್ಯಾಕ್ ಬುದ್ದಿ, ಹಾಲಿಗೆ ಜ್ವರ ಬಂದದಾ?" ಎಂದಳು ಚಿಕ್ಕನಿಂಗಮ್ಮ.

"ಜ್ವರವಲ್ಲಮ್ಮ, ಜಲೋದರ! ಶೇಕಡಾ ಮೂವತ್ತು ನೀರು."

ಮಾರನೆಯ ದಿನದಿಂದ ಚಿಕ್ಕನಿಂಗಮ್ಮ ಆ ಬೀದಿಗೇ ಬರಲಿಲ್ಲ. ಅಕ್ಕಪಕ್ಕದವರೂ ಕಪ್ಪು ಕಾಫಿ ಕುಡಿಯುವಂತಾಗಿ ಮೇಷ್ಟ್ರನ್ನು ಶಪಿಸಿದರು.

"ನಮ್ಮೂರಿಂದ ಒಂದು ಎಮ್ಮೆ ತರುಸ್ತೀನಿ ಬುಡಿ. ಮೂಗನಿಗೆ ಹೇಳಿ ಕಳಿಸ್ತೀನಿ" ಎಂದಳು ಮಲ್ಲಿಗಮ್ಮ.

"ತರಿಸು. ಆದರೆ ಬೆಲೆ ಕೊಟ್ಟೇ ಕಟ್ಟುವುದು."

"ಕೊಡಿ. ಬ್ಯಾಡ ಅಂದೋರ್ಯಾರು?"

ಅವಳು ಅಷ್ಟು ಸುಲಭವಾಗಿ ಒಪ್ಪಿದ್ದರಿಂದ ಮೇಷ್ಟ್ರಿಗೆ ಅನುಮಾನ ಬರಬೇಕಾಗಿತ್ತು. ಬರಲಿಲ್ಲ.

ಮೂಗಯ್ಯ ಎಮ್ಮೆಯನ್ನು ಭೀಮನಬೀಡಿನಿಂದ ಗುಂಡ್ಲುಪೇಟೆಗೆ, ಅಲ್ಲಿಂದ ತೆರಕಣಾಂಬಿಗೆ, ಅಲ್ಲಿ ರಾತ್ರಿ ತಂಗಿ ಮತ್ತೆ ಚಾಮರಾಜನಗರಕ್ಕೆ, ನಡೆಸಿಕೊಂಡೇ ಬಂದ. ಎಮ್ಮೆ ಅಂಗಳಕ್ಕೆ ಕಾಲಿಟ್ಟದ್ದೇ ತಡ, ಮೇಷ್ಟ್ರನ್ನು ಪಕ್ಕಕ್ಕೆ ತಳ್ಳಿ ನೇರವಾಗಿ ಮಲ್ಲಿಗಮ್ಮನ ಹತ್ತಿರ ಹೋಗಿ ಅವಳ ಮೊಣಕೈ ನೆಕ್ಕತೊಡಗಿತು.

"ಬಂದ್ಯಾ ಕಾಳಿ?" ಎಂದಳು ಮಲ್ಲಿಗಮ್ಮ. ಸೆರಗಿನಿಂದ ಕಣ್ಣೊರೆಸಿಕೊಂಡಳು.

ಮೇಷ್ಟ್ರು ಎಲ್ಲವನ್ನೂ ಗಮನಿಸಿದರು. ಗಮನಿಸುವುದು ಅವರ ಕಸುಬು. ಸಾಕುಪ್ರಾಣಿಗಳು ಹೆಂಗಸರನ್ನು ಬೇಗ ನಂಬುತ್ತವೆ. ಎಮ್ಮೆ ಕಪ್ಪಗಿರುವುದರಿಂದ ಯಾರಾದರೂ ಕಾಳಿ ಎಂದೇ ಕರೆಯುತ್ತಾರೆ. ಎಮ್ಮೆ ನಡೆದು ಬಂದ ದಾರಿಯ ಧೂಳು ಹೆಂಡತಿಯ ಕಣ್ಣಿಗೆ ಬಿದ್ದಿದೆ. ಮೂರು ಸಂಗತಿ, ಮೂರು ವಿವರಣೆ. ಒಂದರಲ್ಲೂ ಸಂದೇಹವಿಲ್ಲ!

ಮೂಗಯ್ಯ ಹೆಗಲ ಮೇಲಿದ್ದ ಟವೆಲನ್ನು ತೆಗೆದು ಭಾವನ ಬಲಗೈ ಮೇಲೆ ಮುಚ್ಚಿದ. ದನದ ವ್ಯಾಪಾರದಲ್ಲಿ ಬೆಲೆಯನ್ನು ಬಾಯಿಬಿಟ್ಟು ಹೇಳುವುದಿಲ್ಲ. ಬಟ್ಟೆಯ ಮರೆಯಲ್ಲಿ ಬೆರಳು ಹಿಡಿದು ತಿಳಿಸುತ್ತಾರೆ. ಮೇಷ್ಟ್ರು ಕರೆಂಟು ಹೊಡೆದವರಂತೆ ಕೈ ಕಿತ್ತುಕೊಂಡರು.

"ಮುಚ್ಚುಮರೆ ನನ್ನ ಹತ್ತಿರ ಇಲ್ಲ ಮೂಗಯ್ಯ. ಬಾಯಲ್ಲಿ ಹೇಳು."

ಮೂಗಯ್ಯ ಅಕ್ಕನ ಮುಖ ನೋಡಿದ. ಅಕ್ಕ ಎಮ್ಮೆಯ ಮುಖ ನೋಡುತ್ತಿದ್ದಳು.

"ನೂರ್ಎಂಬತ್ತು ಕೊಡಿ ಭಾವ."

"ನಿನಗೆ ಎಷ್ಟಕ್ಕೆ ಬಿದ್ದಿತ್ತು?"

"ಕೊಂಡ ಬೆಲೆನ ಎಮ್ಮೆ ಮುಂದೆ ಯೋಳ್ಬಾರ್ದು. ಹಾಲು ಬತ್ತೋಯ್ತದೆ."

"ಅಂಧಶ್ರದ್ಧೆ! ಹೋಗಲಿ, ನಿನಗೆ ಲಾಭವೋ ನಷ್ಟವೋ ಅದನ್ನಾದರೂ ಹೇಳು."

ಮೂಗಯ್ಯ ಟವೆಲನ್ನು ಮತ್ತೆ ಹೆಗಲಿಗೆ ಹಾಕಿಕೊಂಡು ನೆಲ ನೋಡುತ್ತ, "ಲುಕ್ಸಾನವೇ ಕಣಿ. ರೂಪಾಯ್ಗೆ ನಾಲ್ಕಾಣೆ ಲುಕ್ಸಾನ ಅಂದ್ಕಳಿ" ಎಂದ.

ಮೇಷ್ಟ್ರು ಟ್ರಂಕಿನಿಂದ ನೂರ ಎಂಬತ್ತು ರೂಪಾಯಿ ತಂದು ಎಣಿಸಿ ಕೊಟ್ಟರು. ಅದು ವರ್ಷವೆಲ್ಲ ಕೂಡಿಟ್ಟ ದುಡ್ಡು. ಕಾಳಿ ಮಾತ್ರ ಮಲ್ಲಿಗಮ್ಮ ಕುಳಿತರಷ್ಟೇ ಹಾಲು ಕೊಟ್ಟಿತು, ಅದೂ ಧಾರಾಳವಾಗಿ. ಲ್ಯಾಕ್ಟೋಮೀಟರು ಆ ಹಾಲಿನಲ್ಲಿ ಮುಳುಗಲಾರದೆ ಗೌರವದಿಂದ ನಿಂತೇ ಇತ್ತು.

ಒಂದು ಬೆಳಿಗ್ಗೆ ಮೇಷ್ಟ್ರು ಗಡ್ಡ ಹೆರೆಯುತ್ತಿದ್ದರು. ಅರ್ಧ ಮುಖ ಸೋಪಿನಲ್ಲಿದ್ದಾಗ ಸತ್ಯ ಹೊಳೆಯಿತು. ನಷ್ಟಕ್ಕೆ ಮಾರಿದ ಎಮ್ಮೆ ಎಂದರೆ ಏನು? ಆ ನಷ್ಟದಷ್ಟನ್ನು ತವರಿನವರು ಪುಕ್ಕಟೆ ಕೊಟ್ಟರೆಂದು ಅರ್ಥ! ಪ್ರತಿಜ್ಞೆ ಮುರಿದು ತಿಂಗಳಾಗಿದೆ. ತಾವು ಅದರ ಮೇಲೆ ಗಟ್ಟಿ ಕಾಫಿ ಕುಡಿಯುತ್ತಿದ್ದಾರೆ! ರೂಪಾಯಿಗೆ ನಾಲ್ಕಾಣೆ ಎಂದರೆ ಶೇಕಡಾ ಇಪ್ಪತ್ತೈದು. ನೂರ ಎಂಬತ್ತಕ್ಕೆ ಶೇಕಡಾ ಇಪ್ಪತ್ತೈದು ನಲವತ್ತೈದು. ಉಳಿದ ಅರ್ಧ ಮುಖವನ್ನು ಅವರು ನೆಮ್ಮದಿಯಿಂದ ಹೆರೆದುಕೊಂಡರು.

ಮುಂದಿನ ವಾರವೇ ಮೂಗಯ್ಯ ಬಂದ. ಅವನಿಗೆ ಹೆಣ್ಣು ಗೊತ್ತಾಗಿತ್ತು. ಹೇಳುವಾಗ ಕಿವಿಯವರೆಗೂ ನಗುತ್ತಿದ್ದ. ಮಲ್ಲಿಗಮ್ಮ ತಮ್ಮನಿಗೆಂದು ಹುರುಳಿಕಾಳಿನ ಬಸ್ಸಾರು, ಬಿಸಿ ಮುದ್ದೆ ಮಾಡಿ ಬಡಿಸಿದಳು. ಅವರ ಕಡೆ ಮದುವೆಗಂಡಿನ ಜೊತೆ ಕಳಸ ಹಿಡಿದು ನಡೆಯಬೇಕಾದವಳು ಒಡಹುಟ್ಟಿದ ಅಕ್ಕ. ಆ ಕಳಸಕ್ಕೆ ಅವಳನ್ನು ಗಂಡೇ ಬಂದು ಕರೆಯಬೇಕು.

"ಕಳಸಕ್ಕೆ ಕರೆಯಕ್ಕೆ ಇನ್ನೊಂದು ಸಲ ಒಳ್ಳೆ ದಿನ ನೋಡ್ಕ ಬತ್ತೀನಿ ಅಕ್ಕ. ನೀನು ಒಂದು ವಾರ ಮುಂಚೇನೇ ಬಂದ್ಬುಡ್ಬೇಕು."

"ಬರದೆ ಎಲ್ಲೋಗನ್ಲಾ? ನಿನ್ನ ಕಂಕುಳಲ್ಲಿ ಎತ್ತಾಡಿಸಿದ್ದು ನಾನಲ್ವಾ?"

ಅಷ್ಟರಲ್ಲಿ ಮೇಷ್ಟ್ರು ಬಂದು ಮುದ್ದೆಯ ತಟ್ಟೆಯ ಪಕ್ಕ ನಲವತ್ತೈದು ರೂಪಾಯಿ ಇಟ್ಟರು.

"ಇದೇನ್ ಭಾವ?"

"ಎಮ್ಮೆಯಿಂದ ನಿನಗಾದ ನಷ್ಟ. ಇನ್ನೊಬ್ಬರಿಗೆ ಲುಕ್ಸಾನು ಮಾಡಿ ಹಾಲು ಕುಡಿಯುವವನಲ್ಲ ನಾನು."

ಮೂಗಯ್ಯ ಮುರಿದ ಮುದ್ದೆಯ ತುತ್ತನ್ನು ತಟ್ಟೆಗೇ ಹಾಕಿ ಕೈ ತೊಳೆದುಕೊಂಡ. ದುಡ್ಡು ಬಿಟ್ಟು ಹೋದರೆ ಭಾವನಿಗೆ ಅವಮಾನವೆಂದು ಅದನ್ನು ಎರಡು ಬೆರಳಲ್ಲಿ ಎತ್ತಿಕೊಂಡ. ಬಸ್ಸಿಗೆ ಹೊತ್ತಾಯಿತೆಂದು ಹೇಳಿ ಹೊರಟೇ ಹೋದ. ಬಸ್ಸಿಗೆ ಇನ್ನೂ ಎರಡು ಗಂಟೆ ಇತ್ತು.

"ಉಣ್ಣಕ್ಕೆ ಕೂತೋನ ಮುಂದೆ ದುಡ್ಡು ಮಡಗುದ್ರಲ್ಲ, ಇದೇನು ಹೋಟ್ಲಾ?" ಎಂದಳು ಮಲ್ಲಿಗಮ್ಮ. ಆಮೇಲೆ ಗಂಡನೊಡನೆ ಮಾತು ಬಿಟ್ಟಳು.

ಮೂಗಯ್ಯನ ಮದುವೆ ಹತ್ತಿರವಾಗುತ್ತ ಬಂತು. ಕರೆಯಲು ಅವನು ಬರಲಿಲ್ಲ. ಭೀಮನಬೀಡಿನಿಂದ ಸಂತೆಗೆ ಬಂದವರೊಬ್ಬರು, ಕಳಸಕ್ಕೆ ದಾಯಾದಿ ಚಿಕ್ಕಮಾದಮ್ಮನ ಮಗಳನ್ನು ಕೇಳುತ್ತಾರಂತೆ ಎಂಬ ಸುದ್ದಿ ಹೇಳಿ ಹೋದರು. ಮಲ್ಲಿಗಮ್ಮ ಗಂಡನಿಗೆ ಏನೂ ಹೇಳಲಿಲ್ಲ. ಹಾಲು ಕರೆಯುತ್ತ ಎಮ್ಮೆಗೆ ಹೇಳಿದಳು.

"ಕೇಳುದ್ಯಾ ಕಾಳಿ? ನಮ್ಮ ಮೂಗನ ಮದುವೇಲಿ ಕಳಸ ಹಿಡ್ಯೋಳು ಯಾರೋ ಅಂತೆ. ನಾವಿಬ್ರೂ ಇಲ್ಲೇ ಇರನ ಬುಡು."

ನಡುಮನೆಯಲ್ಲಿ ಉತ್ತರಪತ್ರಿಕೆ ತಿದ್ದುತ್ತಿದ್ದ ಮೇಷ್ಟ್ರಿಗೆ ಅದು ಕೇಳಿಸಿತು. ಸರಿಯಾದ ಉತ್ತರವೊಂದಕ್ಕೆ ತಪ್ಪು ಗುರುತು ಹಾಕಿದರು. ಎಲ್ಲಿ ತಪ್ಪಾಯಿತು? ಋಣ ತೀರಿಸಿದರೆ ಕೋಪವೇಕೆ? ಒಂದೊಂದೇ ಹೆಜ್ಜೆಯಾಗಿ ಹಿಂದಕ್ಕೆ ಹೋಗಿ ನೋಡಿದರು. ಯಾವ ಹೆಜ್ಜೆಯಲ್ಲೂ ತಮ್ಮ ದೋಷ ಕಾಣಲಿಲ್ಲ.

ದೋಷ ಕಂಡದ್ದು ತರಗತಿಯಲ್ಲಿ. ಗಣಿತದ ಮೇಷ್ಟ್ರು ರಜೆಯಲ್ಲಿದ್ದುದರಿಂದ ಲಾಭನಷ್ಟದ ಪಾಠ ಇವರ ಪಾಲಿಗೆ ಬಂದಿತ್ತು. ಒಬ್ಬ ವ್ಯಾಪಾರಿ ಒಂದು ಪದಾರ್ಥವನ್ನು ಇಷ್ಟಕ್ಕೆ ಮಾರಿದ್ದರಿಂದ ಶೇಕಡಾ ಇಷ್ಟು ನಷ್ಟವಾಯಿತು, ಕೊಂಡ ಬೆಲೆಯೆಷ್ಟು?

"ನೆನಪಿಟ್ಟುಕೊಳ್ಳಿ! ನಷ್ಟವನ್ನು ಲೆಕ್ಕ ಹಾಕುವುದು ಯಾವಾಗಲೂ ಕೊಂಡ ಬೆಲೆಯ ಮೇಲೆ. ಮಾರಿದ ಬೆಲೆಯ ಮೇಲೆ ಹಾಕುವವನು ಶುದ್ಧ..."

ವಾಕ್ಯ ಅಲ್ಲೇ ನಿಂತಿತು. ಶುದ್ಧ ಏನು ಎಂಬುದು ಮಕ್ಕಳಿಗೆ ಕೊನೆಗೂ ತಿಳಿಯಲಿಲ್ಲ.

ತಾವು ಮಾಡಿದ್ದೂ ಅದನ್ನೇ! ಅವರು ಬೋರ್ಡಿನ ಮೂಲೆಯಲ್ಲಿ ತಾಳೆ ನೋಡಿದರು. ತಾವು ಕೊಟ್ಟ ನೂರ ಎಂಬತ್ತೂ ನಲವತ್ತೈದೂ ಸೇರಿ ಕೊಂಡ ಬೆಲೆ ಇನ್ನೂರ ಇಪ್ಪತ್ತೈದೇ ಆಗಿದ್ದರೆ, ಅದರ ಕಾಲುಭಾಗ ಐವತ್ತಾರೂಕಾಲು ಕಳೆದು ಮೂಗಯ್ಯ ಎಮ್ಮೆಯನ್ನು ನೂರ ಅರವತ್ತೆಂಟೂಮುಕ್ಕಾಲಿಗೆ ಕೊಟ್ಟಿರಬೇಕಿತ್ತು. ಅವನು ಕೊಟ್ಟದ್ದು ನೂರ ಎಂಬತ್ತಕ್ಕೆ. ನೂರಕ್ಕೆ ಕೊಂಡದ್ದು ಎಪ್ಪತ್ತೈದಕ್ಕೆ ಹೋದರೆ, ನೂರ ಎಂಬತ್ತಕ್ಕೆ ಹೋದದ್ದರ ಅಸಲು ಇನ್ನೂರ ನಲವತ್ತು. ನಷ್ಟ ಅರವತ್ತು. ತಾವು ಕೊಟ್ಟದ್ದು ನಲವತ್ತೈದು!

ಮೇಷ್ಟ್ರು ಗಂಟೆ ಹೊಡೆಯುವ ಮೊದಲೇ ಮನೆಗೆ ಓಡಿಬಂದರು.

"ಮಲ್ಲಿ, ಕಾರಣ ಸಿಕ್ಕಿತು! ಹದಿನೈದು ರೂಪಾಯಿ ಕಡಿಮೆ ಕೊಟ್ಟಿದ್ದೇನೆ! ಪಾಪ, ಮೂಗಯ್ಯ ಬಾಯಿಬಿಟ್ಟು ಹೇಳಲಾರದೆ ಊಟ ಬಿಟ್ಟು ಎದ್ದು ಹೋದ. ಭಾನುವಾರ ನಾನೇ ಹೋಗಿ ಕೊಟ್ಟು ಕ್ಷಮೆ ಕೇಳಿ ಬರುತ್ತೇನೆ."

ಮಲ್ಲಿಗಮ್ಮ ಮಾತು ಬಿಟ್ಟ ಮೇಲೆ ಮೊದಲ ಸಲ ಬಾಯಿ ತೆರೆದಳು.

"ನಾನೂ ಬತ್ತೀನಿ. ನಿಮ್ಮೊಬ್ಬರನ್ನೇ ಕಳಿಸುದ್ರೆ ಇರೋದೊಂದು ತವರೂ ನಂಗಿರಲ್ಲ."

ಬಸ್ಸಿನಲ್ಲಿ ಗುಂಡ್ಲುಪೇಟೆಯವರೆಗೆ, ಅಲ್ಲಿಂದ ಮುಂದಕ್ಕೆ ಸಿಕ್ಕಿದ ಗಾಡಿಯಲ್ಲಿ ಹೋಗಿ ಇಳಿದಾಗ ಮನೆ ಮದುವೆಗೆ ಸಿದ್ಧವಾಗುತ್ತಿತ್ತು. ಗೋಡೆಗೆ ಹೊಸದಾಗಿ ಸುಣ್ಣ ಬಳಿದಿತ್ತು. ಮೂಗಯ್ಯ ಚಪ್ಪರದ ಗಳು ಕಟ್ಟುತ್ತಿದ್ದವನು ಅಕ್ಕನನ್ನು ನೋಡಿ ಇಳಿದು ಬಂದ; ಹಿಂದೆ ಭಾವನನ್ನು ನೋಡಿ ಅರ್ಧ ದಾರಿಯಲ್ಲೇ ನಿಂತ.

ಮೇಷ್ಟ್ರು ಜಗಲಿ ಹತ್ತಿ ಹದಿನೈದು ರೂಪಾಯಿ ಇಟ್ಟರು. "ಮೂಗಯ್ಯ, ತಪ್ಪು ನನ್ನದು. ಪೂರ್ತಿ ವಿವರಿಸುತ್ತೇನೆ" ಎಂದವರೇ ಒಲೆಯಿಂದ ಒಂದು ಇದ್ದಿಲು ತಂದು ಗೋಡೆಯ ಮೇಲೆ ಬರೆಯತೊಡಗಿದರು. ನೂರು, ಎಪ್ಪತ್ತೈದು, ನೂರ ಎಂಬತ್ತು, ಇನ್ನೂರ ನಲವತ್ತು!

"ಅಯ್ಯಯ್ಯೋ ಅಳಿಯಂದ್ರೇ! ಮದುವೆಗೆ ಅಂತ ಮೊನ್ನೆ ಸುಣ್ಣ ಬಳ್ದಿವ್ನಿ!" ಎಂದು ದೊಡ್ಡಮಾದಮ್ಮ ಓಡಿಬಂದಳು.

"ಒಂದು ನಿಮಿಷ ಅತ್ತೆ, ಉತ್ತರ ಬಂತು. ಈಗ ನಿನ್ನ ಅಸಲು ನಿನಗೆ ಸಂದಿತು ಮೂಗಯ್ಯ. ಸರಿಯೋ ಇಲ್ಲವೋ?"

ಮೂಗಯ್ಯ ಒಳಗೆ ಹೋದ. ರಾಗಿಯ ಗುಡಾಣದೊಳಗೆ ಕೈ ಹಾಕಿ ಒಂದು ಬಟ್ಟೆಯ ಗಂಟು ತಂದು ಹದಿನೈದು ರೂಪಾಯಿಯ ಪಕ್ಕ ಇಟ್ಟ.

"ನೂರ್ಎಂಬತ್ತೂ ಇದೆ, ನಲವತ್ತೈದೂ ಇದೆ. ಎಲ್ಲಾನೂ ತಗಂಡೋಗಿ ಭಾವ."

"ಅದು ಹೇಗಾಗುತ್ತದೆ? ನೀನು ಕೊಂಡ ಎಮ್ಮೆ..."

"ಕೊಂಡೋರ್ಯಾರು?" ಎಂದಳು ದೊಡ್ಡಮಾದಮ್ಮ. ಗೋಡೆ ಹಾಳಾದ ಸಿಟ್ಟಿನಲ್ಲಿ ಅವಳಿಗೆ ಗುಟ್ಟು ಗಿಟ್ಟು ಒಂದೂ ನೆನಪಿರಲಿಲ್ಲ. "ಆ ಎಮ್ಮೆ ನಮ್ಮ ಕೊಟ್ಟಿಗೇಲೇ ಉಟ್ಟದ್ದು! ಈದ ಮಾರನೇ ದಿನ ತಾಯಿ ಸತ್ತೋಯ್ತು. ನಿಮ್ಮೆಂಡ್ತಿನೇ ಗಂಜಿಗೆ ಬೆರಳದ್ದಿ ನೆಕ್ಕಿಸಿ ಸಾಕುದ್ಲು. ಆರು ತಿಂಗಳು ಕರುನ ಪಕ್ಕದಲ್ಲೇ ಮಲಗ್ತಿದ್ಲು. ಅದ್ಕೆಂಥ ಅಸಲು?"

ಮೇಷ್ಟ್ರ ಕೈಯಲ್ಲಿ ಇದ್ದಿಲು ಹಾಗೇ ಇತ್ತು. ನೆಕ್ಕಿದ ಮೊಣಕೈ. ಬಂದ್ಯಾ ಕಾಳಿ. ದಾರಿಯ ಧೂಳು. ಮೂರು ವಿವರಣೆಗಳೂ ಒಟ್ಟಿಗೆ ಕುಸಿದವು.

"ನಿನಗೆ ಗೊತ್ತಿತ್ತಾ?" ಎಂದು ಹೆಂಡತಿಯನ್ನು ಕೇಳಿದರು. ಕೇಳಿದ ಮೇಲೆ ಅದು ಎಂಥ ಪ್ರಶ್ನೆ ಎಂದು ಅವರಿಗೇ ಅನ್ನಿಸಿತು.

"ಗೊತ್ತಿಲ್ದೆ?"

"ಹೇಳಬಾರದಿತ್ತಾ?"

"ಹೇಳಿದ್ರೆ ಮನೇಲಿ ಕಟ್ಟಾಕ್ತಿದ್ರಾ?"

ಮೂಗಯ್ಯ ಕೆಳಗೆ ಕುಳಿತು ಹಗ್ಗದ ತುಂಡೊಂದನ್ನು ಬಿಚ್ಚುತ್ತ ಮೆಲ್ಲಗೆ ಹೇಳಿದ.

"ಬಿಟ್ಟಿ ಕೊಟ್ರೆ ನೀವು ತಗಳಲ್ಲ ಭಾವ. ಪೂರಾ ದುಡ್ಡಿಗೆ ಕೊಟ್ಬುಟ್ರೆ ನಾಳೆ ಅಕ್ಕನ ಮೊಕ ಎಂಗೆ ನೋಡನ? ಅದ್ಕೇ ಒಸಿ ಲುಕ್ಸಾನ ಅಂತ ಸೇರ್ಸ್ದಿ. ಆ ಲುಕ್ಸಾನ ಆದ್ರೂ ನಮ್ಮದು ಅಂತ ಇರ್ಲಿ ಅಂತ. ನೀವು ಅದ್ನೂ ಕಿತ್ಕೊಂಡ್ರಿ."

ಮೇಷ್ಟ್ರಿಗೆ ಹಳೆಯ ಶರಟು ನೆನಪಾಯಿತು. ಅದನ್ನು ಕೊಟ್ಟವರು ಮರೆಯಲು ಬಿಡಲಿಲ್ಲ. ಇಲ್ಲಿ ಒಬ್ಬ ಹುಡುಗ, ಕೊಟ್ಟದ್ದು ಗೊತ್ತೇ ಆಗದಿರಲೆಂದು ಇಲ್ಲದ ಬೆಲೆಯನ್ನೂ ಇಲ್ಲದ ನಷ್ಟವನ್ನೂ ಹುಟ್ಟಿಸಿ, ಎಮ್ಮೆ ಹಿಡಿದುಕೊಂಡು ಎರಡು ದಿನ ನಡೆದಿದ್ದ. ಅಸಲು ಕಂಡುಹಿಡಿಯುವ ಸೂತ್ರ ಸರಿಯಾಗಿಯೇ ಇತ್ತು, ಆದರೆ ಅದರೊಳಗೆ ಹಾಕಿದ ಸಂಖ್ಯೆಗಳೆಲ್ಲ ಪ್ರೀತಿಯಿಂದ ಹೇಳಿದ ಸುಳ್ಳುಗಳು.

"ಮತ್ತೆ ಅಕ್ಕನನ್ನು ಕಳಸಕ್ಕೆ ಕರೆಯಲು ಯಾಕೆ ಬರಲಿಲ್ಲ? ನನ್ನ ಮೇಲಿನ ಸಿಟ್ಟಿಗಾ?" ಎಂದು ಕೇಳಿದರು.

"ಸಿಟ್ಟಲ್ಲ ಭಾವ, ಭಯ! ಬಂದ್ರೆ ಇನ್ನಷ್ಟು ದುಡ್ಡು ಕೊಟ್ಬುಡ್ತೀರೇನೋ ಅಂತ!"

ಮೊದಲು ನಕ್ಕವಳು ದೊಡ್ಡಮಾದಮ್ಮ. ಮಲ್ಲಿಗಮ್ಮ ಸೆರಗು ಬಾಯಿಗೆ ಒತ್ತಿಕೊಂಡಳು. ಧೈರ್ಯ ಬಂದ ಮೂಗಯ್ಯ ಗೋಡೆಯ ಕಡೆ ಕೈ ತೋರಿಸಿದ.

"ಅದಿರ್ಲಿ, ಸೇಕಡಾ ಸೇಕಡಾ ಅಂತೀರಲ್ಲ. ಸೊನ್ನೆ ಕಾಸಿನ ಎಮ್ಮೆನ ನೂರ್ಎಂಬತ್ತಕ್ಕೆ ಮಾರ್ಬುಟ್ಟಿ. ನಂಗೆ ಲಾಬ ಸೇಕಡಾ ಎಷ್ಟಾಯ್ತು?"

ಲೆಕ್ಕವೆಂದ ಕೂಡಲೇ ಮೇಷ್ಟ್ರ ಕೈ ತಾನಾಗಿ ಗೋಡೆಗೆ ಹೋಯಿತು. ಲಾಭ ನೂರ ಎಂಬತ್ತು, ಗುಣಿಸು ನೂರು, ಭಾಗಿಸು ಕೊಂಡ ಬೆಲೆ... ಗೆರೆಯ ಕೆಳಗೆ ಒಂದು ದೊಡ್ಡ ಸೊನ್ನೆ ಬರೆದರು. ಇದ್ದಿಲು ಅಲ್ಲೇ ನಿಂತಿತು. ಸೊನ್ನೆಯಿಂದ ಭಾಗಿಸುವುದನ್ನು ಮೈಸೂರಿನಲ್ಲಿ ಅವರಿಗೆ ಯಾರೂ ಕಲಿಸಿರಲಿಲ್ಲ.

"ಬರಲ್ವಾ?" ಎಂದ ಮೂಗಯ್ಯ.

"ಬರುವುದಿಲ್ಲ" ಎಂದರು ಮೇಷ್ಟ್ರು.

ಆಮೇಲೆ ದುಡ್ಡಿನ ಜಗ್ಗಾಟ ಶುರುವಾಯಿತು. ಮೂಗಯ್ಯ ಗಂಟನ್ನು ಭಾವನ ಕಡೆ ತಳ್ಳಿದ, ಮೇಷ್ಟ್ರು ಬಾಮೈದನ ಕಡೆ ತಳ್ಳಿದರು. ಗಂಟು ಜಗಲಿಯ ಉದ್ದಕ್ಕೂ ಮೂರು ಸಲ ಓಡಾಡಿತು. ನಾಲ್ಕನೆಯ ಸಲ ಮಲ್ಲಿಗಮ್ಮ ಬಗ್ಗಿ ಅದನ್ನೆತ್ತಿಕೊಂಡು, ಹದಿನೈದು ರೂಪಾಯಿಯನ್ನೂ ಸೇರಿಸಿ, ಸೆರಗಿನ ತುದಿಗೆ ಬಿಗಿದು ಸೊಂಟಕ್ಕೆ ಸಿಕ್ಕಿಸಿದಳು. ಮೇಷ್ಟ್ರು ಕಂಡುಹಿಡಿದ ಇನ್ನೂರ ನಲವತ್ತು ಕೊನೆಗೂ ಒಂದೆಡೆ ಸೇರಿತು.

"ಗಂಜಿ ಕುಡಿಸಿದ್ದು ಯಾರು? ಪಕ್ಕದಲ್ಲಿ ಮಲಗಿದ್ದು ಯಾರು? ಎಮ್ಮೆ ಅಸಲು ನಂದು. ಇಬ್ರೂ ಬಾಯಿ ಮುಚ್ಕೊಂಡು ಉಣ್ಣಕ್ಕೆ ಏಳಿ!"

ಇಬ್ಬರೂ ಎದ್ದರು. ಊಟಕ್ಕೆ ಮೊದಲು ಮೂಗಯ್ಯ ಅಕ್ಕನ ಮುಂದೆ ಎಲೆಯಡಿಕೆ ಇಟ್ಟು, ಭಾವನ ಮುಂದೆಯೇ, ಕಳಸಕ್ಕೆ ಬರಬೇಕೆಂದು ಕರೆದ. ದೊಡ್ಡಮಾದಮ್ಮ ಗೋಡೆಯನ್ನು ಉಜ್ಜಿ ನೋಡಿದಳು, ಇದ್ದಿಲು ಹೋಗಲಿಲ್ಲ. ಕೆಮ್ಮಣ್ಣು ಕಲಸಿ ತಂದು ದೊಡ್ಡ ಸೊನ್ನೆಯ ಸುತ್ತ ದಳ ಬರೆದು ಹೂ ಮಾಡಿದಳು.

ಹೊರಡುವಾಗ ಗಾಡಿಯ ಬಳಿ ಬಂದು ಅವಳು ಅಳಿಯನ ಕೈಗೆ ಒಂದು ಸಿಹಿಗುಂಬಳಕಾಯಿ ಕೊಟ್ಟಳು. ಅಭ್ಯಾಸಬಲದಿಂದ ಮೇಷ್ಟ್ರು ಕಾಯನ್ನು ಅಂಗೈಯಲ್ಲಿ ಮೇಲೆ ಕೆಳಗೆ ಮಾಡಿ ತೂಕ ನೋಡಿದರು. 'ಎಷ್ಟು' ಎಂಬ ಮಾತು ತುದಿನಾಲಗೆಗೆ ಬಂತು. ಮಲ್ಲಿಗಮ್ಮ ಗಾಡಿಯೊಳಗಿಂದಲೇ ತಿರುಗಿ ನೋಡಿದಳು. ಮೂಗಯ್ಯ ಹಗ್ಗ ಹಿಡಿದು ಸ್ತಬ್ಧನಾಗಿ ನಿಂತ. ಎತ್ತುಗಳೂ ಕಿವಿ ನಿಮಿರಿಸಿದಂತೆ ಕಂಡವು.

ಮೇಷ್ಟ್ರು ಕಾಯನ್ನು ಕಂಕುಳಿಗೆ ಸೇರಿಸಿಕೊಂಡರು.

"ಅತ್ತೆ," ಎಂದರು, "ಇನ್ನೊಂದು ಇದೆಯಾ?"